ಆ ಗೋಡೆಗಳನ್ನು ಕಟ್ಟಿದವರು ಯಾರು?

ಮಾನ್ಯರೇ,

ಐರ್ಲೆಂಡಿನ ಗೋಡೆ ಸುತ್ತಿದ ಪಟ್ಟಣಗಳನ್ನು ಕುರಿತು ‘ಕಲ್ಲಿನ ಕವಚ’ ಎಂಬ ಹೆಸರಿನಲ್ಲಿ ನೀವು ಕಳಿಸಿದ ಲೇಖನವನ್ನು ಎರಡು ಸಲ ಓದಿದೆ. ವಿಷಯ ನಮ್ಮ ಓದುಗರಿಗೆ ಹೊಸದು; ಇಸವಿಗಳಲ್ಲಿ ಎಚ್ಚರವಿದೆ; ಫೆಥರ್ಡ್ ಊರಿನ ಗೋಡೆಯ ಮಗ್ಗುಲಲ್ಲಿ ನಡೆದುಹೋಗುವ ಭಾಗ ಚೆನ್ನಾಗಿದೆ. ಇಷ್ಟನ್ನು ಮೊದಲೇ ಹೇಳಿಬಿಡುತ್ತೇನೆ, ಏಕೆಂದರೆ ಮುಂದಿನ ಮಾತುಗಳು ನಿಮಗೆ ಅಷ್ಟು ಹಿತವೆನಿಸಲಾರವು. ಈಗಿರುವ ರೂಪದಲ್ಲಿ ಇದನ್ನು ನಾವು ಪ್ರಕಟಿಸುವುದಿಲ್ಲ.

ಎರಡನೆಯ ಓದಿನಲ್ಲಿ ಪೆನ್ಸಿಲು ಹಿಡಿದು ಎಣಿಸಿದೆ. ಒಂಬತ್ತು ಪುಟಗಳಲ್ಲಿ ‘ಕಟ್ಟಲಾಯಿತು’, ‘ನಿರ್ಮಿಸಲಾಯಿತು’, ‘ವಿಧಿಸಲಾಯಿತು’, ‘ಇರಿಸಲಾಗಿತ್ತು’ ಎಂಬಂಥ ಕ್ರಿಯಾಪದಗಳು ಮೂವತ್ತೊಂದು ಬಾರಿ ಬಂದಿವೆ. ಮನೆಯಲ್ಲಿ ಯಾರೂ ‘ಅನ್ನವನ್ನು ಬಡಿಸಲಾಯಿತು’ ಎನ್ನುವುದಿಲ್ಲ. ಬಡಿಸಿದವರು ಎದುರಿಗೇ ನಿಂತಿರುತ್ತಾರೆ. ಬರೆಯಲು ಕುಳಿತಾಗ ಮಾತ್ರ ನಮಗೆ ಕರ್ತೃವನ್ನು ಬಿಟ್ಟರೆ ಗಾಂಭೀರ್ಯ ಬರುತ್ತದೆ ಎಂಬ ಭ್ರಮೆ. ಬೇರೆ ವಿಷಯವಾಗಿದ್ದರೆ ಇದನ್ನು ನಾನೇ ತಿದ್ದಿ ಸುಮ್ಮನಾಗುತ್ತಿದ್ದೆ. ಆದರೆ ಈ ಗೋಡೆಗಳ ವಿಚಾರದಲ್ಲಿ ಯಾರು ಕಟ್ಟಿದರು, ಯಾರ ದುಡ್ಡಿನಲ್ಲಿ ಕಟ್ಟಿದರು, ಯಾರಿಗೆ ಹೆದರಿ ಕಟ್ಟಿದರು ಎಂಬುದೇ ಚರಿತ್ರೆ; ಅದನ್ನು ತೆಗೆದುಬಿಟ್ಟರೆ ಉಳಿಯುವುದು ಬರಿಯ ಕಲ್ಲು.

ಎರಡನೆಯ ಪುಟದ ಮೊದಲ ಸಾಲು: ‘ಹದಿಮೂರನೆಯ ಶತಮಾನದಲ್ಲಿ ಪಟ್ಟಣಗಳಿಗೆ ಸುಭದ್ರವಾದ ಗೋಡೆಗಳನ್ನು ನಿರ್ಮಿಸಲಾಯಿತು.’ ಯಾರು ನಿರ್ಮಿಸಿದರು? ಓದುಗ ‘ರಾಜ’ ಎಂದೇ ಭಾವಿಸುತ್ತಾನೆ. ಆಗ ಈ ಪಟ್ಟಣಗಳ ಮೇಲೆ ಒಡೆತನವಿದ್ದ ಇಂಗ್ಲೆಂಡಿನ ಅರಸ ಸಾಮಾನ್ಯವಾಗಿ ಕೊಡುತ್ತಿದ್ದುದು ದುಡ್ಡನ್ನಲ್ಲ, ಅನುಮತಿಯನ್ನು. ಇಂತಿಷ್ಟು ವರ್ಷಗಳ ಕಾಲ, ಪಟ್ಟಣಕ್ಕೆ ಮಾರಲು ಬರುವ ಸರಕಿನ ಮೇಲೆ ಇಂತಿಷ್ಟು ಸುಂಕ ಎತ್ತಿ, ಆ ಹಣವನ್ನು ಗೋಡೆಗೆ ಮಾತ್ರ ಬಳಸತಕ್ಕದ್ದು ಎಂಬ ಸನದು ಅದು. ಡಬ್ಲಿನ್ನಿಗೆ 1221ರಲ್ಲಿ, ಫೆಥರ್ಡ್‌ಗೆ 1292ರಲ್ಲಿ ಅಂಥ ಸನದು ಸಿಕ್ಕಿತು. ಎಂದರೆ, ನೀವು ಅಷ್ಟು ಅಕ್ಕರೆಯಿಂದ ವರ್ಣಿಸಿದ ಫೆಥರ್ಡಿನ ಸುಮಾರು 1,100 ಮೀಟರ್ ಸುತ್ತಳತೆಯ ಗೋಡೆಯಲ್ಲಿ, ಸಂತೆಗೆ ಉಣ್ಣೆಯನ್ನೋ ಚರ್ಮವನ್ನೋ ಹೊತ್ತು ತಂದವನ ಕಾಸೂ ಸೇರಿದೆ. ನಿಮ್ಮ ಮೂರನೆಯ ಪುಟದಲ್ಲಿ ‘ಸುಂಕವನ್ನು ವಿಧಿಸಲಾಯಿತು’ ಎಂಬ ಸಾಲೇನೋ ಇದೆ, ಆದರೆ ಅದು ವಾಣಿಜ್ಯದ ಅಧ್ಯಾಯದಲ್ಲಿ ಎಲ್ಲೋ ಒಂಟಿಯಾಗಿ ಬಿದ್ದಿದೆ. ಗೋಡೆಗೂ ಅದಕ್ಕೂ ನಂಟೇ ಇಲ್ಲ.

ನಾಲ್ಕನೆಯ ಪುಟ: ‘ಶತ್ರುಗಳಿಂದ ರಕ್ಷಣೆ ಪಡೆಯಲು ನ್ಯೂ ರಾಸ್ ಪಟ್ಟಣದ ಗೋಡೆಯು 1265ರಲ್ಲಿ ಕಟ್ಟಲ್ಪಟ್ಟಿತು.’ ಇಲ್ಲಿ ನಾನು ನಿಜಕ್ಕೂ ಸಿಟ್ಟಾದೆ. ಆ ಗೋಡೆಯನ್ನು ಕಟ್ಟಿದವರ ಬಗ್ಗೆ ಆ ಕಾಲದ್ದೇ ಒಂದು ಫ್ರೆಂಚ್ ಕವಿತೆ ಉಳಿದುಬಂದಿದೆ. ಅದರ ಹೆಸರನ್ನು ನೀವೂ ಎತ್ತಿದ್ದೀರಿ, ಒಳಗಿನದನ್ನು ಮಾತ್ರ ಬಿಟ್ಟಿದ್ದೀರಿ. ಅದರ ಪ್ರಕಾರ ಊರವರು ಮೊದಲು ಕೂಲಿಯಾಳುಗಳನ್ನು ಹಚ್ಚಿ ಕಂದಕ ತೋಡಿಸತೊಡಗಿದರು. ಕೂಲಿ ಖರ್ಚಾಗುತ್ತಿತ್ತು, ಕೆಲಸ ಸಾಗುತ್ತಿರಲಿಲ್ಲ. ಆಗ ಊರಿನ ಹಿರಿಯರು ಸಭೆ ಸೇರಿ, ಒಂದೊಂದು ಕಸುಬಿನವರು ವಾರದ ಒಂದೊಂದು ದಿನ ತಾವೇ ಬಂದು ಅಗೆಯಬೇಕೆಂದು ಕಟ್ಟಳೆ ಮಾಡಿದರು. ಸೋಮವಾರ ದ್ರಾಕ್ಷಾರಸದ ವ್ಯಾಪಾರಿಗಳು, ಜವಳಿಯವರು. ಹೀಗೆ ವಾರವೆಲ್ಲ ಕಳೆದು ಭಾನುವಾರ ಹೆಂಗಸರು ಕಲ್ಲು ಹೊತ್ತರು. ಬಾವುಟ ಹಿಡಿದು, ಕೊಳಲು ತಮಟೆಗಳೊಡನೆ ಹಾಡುತ್ತ ಹೊರಟರಂತೆ. ಇಷ್ಟೊಂದು ಜನ ಬಾಗಿಲಲ್ಲಿ ನಿಂತಿರುವಾಗ ನೀವು ‘ಕಟ್ಟಲ್ಪಟ್ಟಿತು’ ಎಂದು ಕದ ಹಾಕಿಕೊಂಡಿದ್ದೀರಿ! ಇನ್ನು ಆ ‘ಶತ್ರುಗಳು’. ಕವಿತೆ ಹೇಳುವ ಭಯ ಹೊರಗಿನ ಐರಿಷರದ್ದಲ್ಲ. ಪರಸ್ಪರ ಕಾದಾಡುತ್ತಿದ್ದ ಇಬ್ಬರು ಆಂಗ್ಲೋ-ನಾರ್ಮನ್ ಪಾಳೆಯಗಾರರದ್ದು, ಎಂದರೆ ಇಂಗ್ಲೆಂಡಿನ ಕಡೆಯಿಂದ ಬಂದು ನೆಲೆಸಿದ್ದವರದ್ದು. ತಮ್ಮವರ ಜಗಳ ತಮ್ಮ ಅಂಗಡಿಗೆ ನುಗ್ಗದಿರಲೆಂದು ವರ್ತಕರು ಕಂದಕ ತೋಡಿದರು.

ಆರನೆಯ ಪುಟ: ‘ಐರಿಷ್ ಜನರನ್ನು ಗೋಡೆಯ ಹೊರಗೆ ಇರಿಸಲಾಗಿತ್ತು.’ ಯಾರು ಇರಿಸಿದ್ದರು, ಎಲ್ಲಿ? ಕಿಲ್ಕೆನ್ನಿಯ ಐರಿಷ್‌ಟೌನ್, ಎಂದರೆ ‘ಐರಿಷರ ಪಟ್ಟಣ’, ಬಿಷಪ್ಪನ ಅಧೀನದಲ್ಲಿ, ಸಂತ ಕ್ಯಾನಿಸ್ ಪ್ರಧಾನ ಚರ್ಚಿನ ಸುತ್ತ ಬೆಳೆದ ಪ್ರತ್ಯೇಕ ಪಟ್ಟಣ. ಅದಕ್ಕೆ ಅದರದೇ ಗೋಡೆಯಿತ್ತು. ಲಿಮರಿಕ್‌ನಲ್ಲೂ ನದಿಯ ದಕ್ಷಿಣ ದಂಡೆಯ ಐರಿಷ್‌ಟೌನಿಗೆ ಗೋಡೆಯಿತ್ತು. ಕ್ರಿಯೆಗೆ ಕರ್ತೃವನ್ನು ಹುಡುಕಿದ್ದರೆ ಈ ತಪ್ಪು ನಿಮ್ಮ ಕಣ್ಣಿಗೇ ಬೀಳುತ್ತಿತ್ತು.

ಇದನ್ನು ನಾನು ಹುಟ್ಟುತ್ತಲೇ ಕಲಿತವನಲ್ಲ. ಇಪ್ಪತ್ತಮೂರನೆಯ ವಯಸ್ಸಿನಲ್ಲಿ ಒಂದು ವಾರಪತ್ರಿಕೆಗೆ ಹಳೆಯ ಕೆರೆಯೊಂದರ ಬಗ್ಗೆ ಬರೆದುಕೊಟ್ಟಿದ್ದೆ. ಸಂಪಾದಕರು ‘ಕೆರೆಯನ್ನು ಕಟ್ಟಿಸಲಾಯಿತು’ ಎಂಬ ಸಾಲಿನ ಪಕ್ಕ ಕೆಂಪು ಮಸಿಯಲ್ಲಿ ‘ಯಾರು?’ ಎಂದಷ್ಟೇ ಬರೆದು, ಬಸ್ಸಿನ ದುಡ್ಡು ಕೊಟ್ಟು ಅದೇ ಊರಿಗೆ ವಾಪಸು ಅಟ್ಟಿದರು. ಏರಿಯ ಮೇಲೆ, ಮೊದಲ ಸಲ ನಾನು ಒರಗಿ ನಿಂತು ಬೀಡಿ ಸೇದಿದ್ದ ಕಲ್ಲೇ ಶಾಸನವಾಗಿತ್ತು. ಕಟ್ಟಿಸಿದವನ ಹೆಸರು, ಕೆರೆಯ ದುರಸ್ತಿಗೆಂದು ಬಿಟ್ಟ ಬಿತ್ತುವಟ್ಟವೆಂಬ ದತ್ತಿ, ಎಲ್ಲವೂ ಅದರಲ್ಲಿತ್ತು. ಹಿಂತಿರುಗಿ ಬಂದು ತೋರಿಸಿದಾಗ ಅವರು ಹೊಗಳಲಿಲ್ಲ. ಎರಡನೆಯ ಪ್ಯಾರಾದಲ್ಲಿ ಇನ್ನೊಂದು ‘ಲಾಯಿತು’ ಉಳಿದಿದೆ ಎಂದರು. ಎರಡು ದಿನ ಅವರ ಮುಖ ನೋಡದೆ ಓಡಾಡಿದ ನೆನಪು.

ಇನ್ನೊಂದು ಮಾತು, ನಿಮ್ಮ ಆರಂಭದ ವಾಕ್ಯದ ಬಗ್ಗೆ: ‘ವೈಕಿಂಗರು ಬರುವ ಮುನ್ನ ಐರ್ಲೆಂಡ್ ಕೇವಲ ದನಗಾಹಿಗಳ ನಾಡಾಗಿತ್ತು.’ ಆ ‘ಕೇವಲ’ವನ್ನು ತೆಗೆಯಿರಿ. 841ರಲ್ಲಿ ವೈಕಿಂಗರು ಡಬ್ಲಿನ್ನಿನಲ್ಲಿ ಹಡಗುದಾಣ ಹೂಡುವ ಮೊದಲೇ ಆರ್ಮಾ, ಕ್ಲಾನ್‌ಮಕ್‌ನಾಯ್ಸ್‌ನಂಥ ಮಠಗಳ ಆವರಣದ ಒಳಗೂ ಹೊರಗೂ ಕುಶಲಕರ್ಮಿಗಳು ನೆಲೆಸಿದ್ದರು. ಅವನ್ನು ಪಟ್ಟಣ ಎನ್ನಬೇಕೇ ಬೇಡವೇ ಎಂದು ವಿದ್ವಾಂಸರು ಇಂದಿಗೂ ವಾದಿಸುತ್ತಾರೆ. ಆ ವಾದವನ್ನು ಒಂದು ಪದದಲ್ಲಿ ಮುಗಿಸುವ ಹಕ್ಕು ನಿಮಗೂ ಇಲ್ಲ, ನನಗೂ ಇಲ್ಲ. ವೈಕಿಂಗರೂ ಬಂದ ದಿನವೇ ಕಲ್ಲಿನ ಗೋಡೆ ಎಬ್ಬಿಸಲಿಲ್ಲ. ಡಬ್ಲಿನ್ನಿನ ವುಡ್ ಕೀ ಎಂಬ ನದಿದಡದ ಜಾಗದ ಉತ್ಖನನದಲ್ಲಿ ಮೊದಲು ಕಂಡದ್ದು ಮಣ್ಣಿನ ಒಡ್ಡುಗಳು. ಕಲ್ಲಿನ ಗೋಡೆ ಬಂದದ್ದು 1100ರ ಆಸುಪಾಸಿನಲ್ಲಿ. ಆ ಜಾಗವನ್ನು ಉಳಿಸಲು 1978ರಲ್ಲಿ ಸುಮಾರು 20,000 ಜನ ಬೀದಿಗಿಳಿದರು, ಆದರೂ ನಗರಾಡಳಿತ ಅಲ್ಲಿಯೇ ತನ್ನ ಕಚೇರಿ ಕಟ್ಟಿತು. ಇದನ್ನೂ ನೀವು ‘ಕಟ್ಟಡಗಳನ್ನು ನಿರ್ಮಿಸಲಾಯಿತು’ ಎಂದೇ ದಾಟಿದ್ದೀರಿ.

ಡ್ರಾಹೆಡಾ, ಗಾಲ್ವೇ, ಯಾಲ್ ಪಟ್ಟಣಗಳ ಪುಟಗಳನ್ನು ನಾನು ಮುಟ್ಟಿಲ್ಲ. ಡೆರ್ರಿಯ ಭಾಗದಲ್ಲಿ ಒಂದೇ ಒಂದು ತಿದ್ದುಪಡಿ ಸೂಚಿಸುತ್ತೇನೆ. 1613ರಿಂದ ಆರೇಳು ವರ್ಷ ನಡೆದ ಆ ಕೆಲಸಕ್ಕೆ ಹಣ ಹಾಕಿದವರು ಲಂಡನ್ನಿನ ವರ್ತಕ ಸಂಘಗಳು ಎಂಬುದನ್ನು ನೀವೇ ಅಡಿಟಿಪ್ಪಣಿಯಲ್ಲಿ, ಚಿಕ್ಕ ಅಕ್ಷರದಲ್ಲಿ, ಬರೆದಿದ್ದೀರಿ. ಅದನ್ನು ಮೇಲಕ್ಕೆ ತನ್ನಿ. ತಂದು ಲೇಖನವನ್ನು ಮತ್ತೆ ನನಗೇ ಕಳಿಸಿ.