ಅಜ್ಜ ತೆಗೆದ ಸೂಪರ್ 8 ಫಿಲ್ಮ್ ರೀಲಿಗೆ ಬೂಸ್ಟು ಹಿಡಿದಿದೆ. ಅದರಲ್ಲಿರುವ ಬಯಲಾಟವನ್ನು ನನ್ನ ಸಾಕ್ಷ್ಯಚಿತ್ರಕ್ಕೆ ಬಳಸಬೇಕು. ಚಿತ್ರ ಸ್ವಚ್ಛ ಮಾಡಲು ಯಾವ ಎಐ ಸಾಫ್ಟ್‌ವೇರ್ ಒಳ್ಳೆಯದು?

ಬೂಸ್ಟು ಅಂತ ಓದಿದ ಕೂಡಲೇ ಎದೆ ಧಸಕ್ಕೆಂದಿತು. ದಯವಿಟ್ಟು ಅದನ್ನು ಒರೆಸಬೇಡಿ. ಸಾಫ್ಟ್‌ವೇರ್ ಮಾತು ಆಮೇಲೆ.

ಕುಂಬಳೆ ಹತ್ತಿರದ ನಮ್ಮ ಮನೆಯ ಅಟ್ಟದಲ್ಲೂ ಇಂಥದ್ದೇ ಡಬ್ಬಿ ಸಿಕ್ಕಿತ್ತು. ಮುಂಬಯಿಯಲ್ಲಿದ್ದ ಮಾವ 1970ರ ದಶಕದಲ್ಲಿ ರಜೆಗೆ ಬಂದಾಗ ತೆಗೆದ ಬಯಲಾಟ. ರಾತ್ರಿಯ ಬೆಳಕು ಆ ಫಿಲ್ಮಿಗೆ ಸಾಲದು. ಹಾಗಾಗಿ ಬೆಳಗಾಗುವವರೆಗೆ ಕಾದು ಆಟದ ಕೊನೆಯನ್ನಷ್ಟೇ ತೆಗೆದಿದ್ದರು. 50 ಅಡಿ, ಅಂದರೆ 3 ನಿಮಿಷ 20 ಸೆಕೆಂಡು. ಭೂತಗನ್ನಡಿ ಹಿಡಿದು ನೋಡಿದೆ. ಅಜ್ಜ ಚೆಂಡೆ ಬಾರಿಸುತ್ತಿದ್ದರು!

ಮೇಲೆಲ್ಲ ಬಿಳಿ ಬೂಸ್ಟು. ಹತ್ತಿ ಬಟ್ಟೆ ಒದ್ದೆ ಮಾಡಿ, ಚೆನ್ನಾಗಿ ಹಿಂಡಿ, ಮೆಲ್ಲಗೆ ಒರೆಸಿದೆ. ಬೂಸ್ಟು ಹೋಯಿತು. ಬಟ್ಟೆಗೆ ಕಂದು ಬಣ್ಣ ಹತ್ತಿತು. ಕೊಳೆ ಅಂದುಕೊಂಡು ಇನ್ನೂ ಒರೆಸಿದೆ. ಅದು ಕೊಳೆ ಆಗಿರಲಿಲ್ಲ, ಚಿತ್ರವೇ ಆಗಿತ್ತು.

ಫಿಲ್ಮನ್ನು ಲ್ಯಾಬಿನಲ್ಲಿ ನೀರಲ್ಲೇ ತೊಳೆಯುತ್ತಾರೆ ಅಲ್ವಾ, ನೀರಿನಿಂದ ಏನಾದೀತು ಅಂತ ನನ್ನ ಲೆಕ್ಕ. ಒಳ್ಳೆ ಸ್ಥಿತಿಯಲ್ಲಿರುವ ಫಿಲ್ಮಿಗೆ ಅದು ಸರಿ. ಆದರೆ ಚಿತ್ರ ಇರುವುದು ಫಿಲ್ಮಿನ ಮಂಕು ಬದಿಯ ಜೆಲಾಟಿನ್ ಪದರದಲ್ಲಿ. ಮೂಳೆ, ಚರ್ಮದಿಂದ ತೆಗೆದ ಜೆಲಾಟಿನ್ ಬೂಸ್ಟಿಗೆ ಊಟ. ತೇವಾಂಶ ಶೇಕಡಾ 60 ದಾಟಿದರೆ ಅದು ಬೆಳೆಯುತ್ತದೆ, ನಮ್ಮ ಮಳೆಗಾಲ ನಿಮಗೆ ಗೊತ್ತೇ ಇದೆ. ಬೂಸ್ಟು ತಿಂದ ಜಾಗದಲ್ಲಿ ಜೆಲಾಟಿನ್ ನೀರು ತಾಗಿದರೆ ಕರಗುತ್ತದೆ. ಹಿಂಡಿದ ಬಟ್ಟೆಯ ಪಸೆಯೂ ಸಾಕು. 10 ಅಡಿ ಒರೆಸಿದ್ದೆ. 40 ಸೆಕೆಂಡು ಹೋಯಿತು, ಅಜ್ಜನೂ ಅದರಲ್ಲೇ ಹೋದರು. ಅವರು ಚೆಂಡೆ ಬಾರಿಸುವ ಬೇರೆ ಒಂದು ಫೋಟೊ ಕೂಡ ನಮ್ಮಲ್ಲಿಲ್ಲ.

ಉಳಿದದ್ದನ್ನು ಫ್ರೇಮ್ ಫ್ರೇಮಾಗಿ ಸ್ಕ್ಯಾನ್ ಮಾಡುವ ಲ್ಯಾಬಿಗೆ ಕೊಟ್ಟೆ. ಅಲ್ಲಿ ನೀರಿಲ್ಲದ ದ್ರಾವಣದಲ್ಲಿ ಸ್ವಚ್ಛ ಮಾಡಿದರು. ನೀವೂ ಅದನ್ನೇ ಮಾಡಿ. ಹಳೆ ಪ್ರೊಜೆಕ್ಟರಿಗೆ ಮಾತ್ರ ಹಾಕಲೇಬೇಡಿ. ಫಿಲ್ಮ್ ಕುಗ್ಗಿದ್ದರೆ ಪ್ರೊಜೆಕ್ಟರಿನ ಹಲ್ಲು ಫಿಲ್ಮಿನ ಅಂಚಿನ ತೂತುಗಳನ್ನು ಹರಿದುಬಿಡುತ್ತದೆ.

ಇನ್ನು ಎಐ. ನನ್ನ ಪ್ರಕಾರ ಬೇಡವೇ ಬೇಡ. ಬಣ್ಣದ ವೇಷದ, ಅಂದರೆ ರಾಕ್ಷಸ ಪಾತ್ರದ, ಮುಖದಲ್ಲಿ ಗಂಟೆಗಟ್ಟಲೆ ಕೂತು ಒಂದೊಂದೇ ಇಟ್ಟ ಚುಟ್ಟಿಯನ್ನು (ಅಕ್ಕಿ ಹಿಟ್ಟಿನ ಬಿಳಿ ಚುಕ್ಕಿಗಳನ್ನು) ಅದು ಧೂಳು ಅಂತ ಅಳಿಸಿಬಿಡಬಹುದು. ಅಳಿಸಿದ ಕಡೆ ತನಗೆ ತೋಚಿದ ಮುಖ ಬರೆಯುತ್ತದೆ. ಆಮೇಲೆ ಅದು ನಿಮ್ಮ ಅಜ್ಜ ನೋಡಿದ ಆಟ ಆಗಿರುವುದಿಲ್ಲ. ಗೀರು ಇದ್ದರೆ ಇರಲಿ. ವೇಗ ಮಾತ್ರ ಸರಿ ಮಾಡಿ. ಸೂಪರ್ 8ರಲ್ಲಿ ಸಾಮಾನ್ಯವಾಗಿ ಸೆಕೆಂಡಿಗೆ 18 ಫ್ರೇಮ್. ಅದನ್ನು ಸುಮ್ನೆ 25ರಲ್ಲಿ ಓಡಿಸಿದರೆ ಕುಣಿತ ತಾಳ ಬಿಟ್ಟು ಓಡುತ್ತದೆ.

ಡಬ್ಬಿ ತೆರೆದಾಗ ವಿನೆಗರಿನ ಹಾಗೆ ಹುಳಿ ವಾಸನೆ ಬಂತಾ? ಬಂದಿದ್ದರೆ ಆ ರೀಲನ್ನು ಇವತ್ತೇ ಉಳಿದವುಗಳಿಂದ ದೂರ ಇಡಿ.