ಓದುಗರು ಕೇಳಿದ್ದು: ಆ ನಟ ನಿಜವಾಗಿಯೂ ರಕ್ತಪಿಶಾಚಿಯಾ?

ಪ್ರಶ್ನೆ: ಜರ್ಮನಿಯ ಹಳೇ ಮೂಕಿ ಚಿತ್ರ 'ನೊಸ್ಫೆರಾಟು'ವಿನಲ್ಲಿ ರಕ್ತ ಹೀರುವ ಕೌಂಟ್ ಓರ್ಲಾಕ್ ಆಗಿದ್ದವನು ನಟನೇ ಅಲ್ಲ, ನಿಜವಾದ ಪಿಶಾಚಿ, ಹೆಸರೂ ಸುಳ್ಳು ಅಂತ ಗೆಳೆಯ ವಾದಿಸುತ್ತಾನೆ. ಹೌದೇ?

ಉತ್ತರ: ನಿಮ್ಮ ಗೆಳೆಯ 2000ದಲ್ಲಿ ಬಂದ 'ಶ್ಯಾಡೋ ಆಫ್ ದಿ ವ್ಯಾಂಪೈರ್' ನೋಡಿರಬೇಕು. ಅದರ ಕಥೆಯೇ ಇದು. ಚೆನ್ನಾಗಿದೆ, ಆದರೆ ಶುದ್ಧ ಕಟ್ಟುಕತೆ.

ಓರ್ಲಾಕ್ ಪಾತ್ರ ಮಾಡಿದ ನಟ ಮ್ಯಾಕ್ಸ್ ಶ್ರೆಕ್. ಅದು ಅವರ ಸ್ವಂತ ಹೆಸರೇ. ಜರ್ಮನ್ನಿನಲ್ಲಿ 'ಶ್ರೆಕ್' ಅಂದರೆ ದಿಗಿಲು. ಇಂಥ ಹೆಸರಿಟ್ಟುಕೊಂಡು ಇಂಥ ಪಾತ್ರ ಮಾಡಿದರೆ ಜನ ಸುಮ್ನೆ ಬಿಡುತ್ತಾರಾ? 1879ರಲ್ಲಿ ಬರ್ಲಿನ್‌ನಲ್ಲಿ ಹುಟ್ಟಿದರು. ಅಲ್ಲಿ ಮ್ಯಾಕ್ಸ್ ರೈನ್‌ಹಾರ್ಟ್ ಅವರ ನಾಟಕ ತಂಡದಲ್ಲಿ ಪಳಗಿ, ಆಮೇಲೆ ಮ್ಯೂನಿಕ್‌ನ ಕಾಮರ್‌ಸ್ಪೀಲೆ ರಂಗಮಂದಿರ ಸೇರಿದರು. ಹೆಂಡತಿ ಫ್ಯಾನಿ ನಾರ್ಮನ್ ಕೂಡ ನಟಿಯೇ.

1922ನೇ ಇಸವಿ ನೋಡಿ. ಮಾರ್ಚ್‌ನಲ್ಲಿ ಮುರ್ನಾವ್ ನಿರ್ದೇಶನದ 'ನೊಸ್ಫೆರಾಟು' ತೆರೆಗೆ ಬಂತು. ಬೋಳುತಲೆ, ಇಲಿಹಲ್ಲು, ಉದ್ದುದ್ದ ಉಗುರು. ಸೆಪ್ಟೆಂಬರ್‌ನಲ್ಲಿ ಅದೇ ಮನುಷ್ಯ ಮ್ಯೂನಿಕ್‌ನಲ್ಲಿ, ಆಗಿನ್ನೂ ಹೊಸಬರಾಗಿದ್ದ ಬ್ರೆಕ್ಟ್ ಅವರ ನಾಟಕದಲ್ಲಿ ಹೆಂಡದಂಗಡಿಯವನ ವೇಷ ಹಾಕಿದ್ದರು! ಪಿಶಾಚಿಗೆ ಇಷ್ಟೊಂದು ರಿಹರ್ಸಲ್‌ಗೆ ಪುರುಸೊತ್ತು ಎಲ್ಲಿಂದ ಬರಬೇಕು?

'ನೊಸ್ಫೆರಾಟು'ವಿನಲ್ಲಿ ಓರ್ಲಾಕ್ ಕಾಣಿಸುವುದೇ ಸುಮಾರು ಒಂಬತ್ತು ನಿಮಿಷ. ನನಗೆ ನೆನಪಲ್ಲಿ ಉಳಿದಿರುವುದು ಮೇಕಪ್‌ಗಿಂತ ಜಾಸ್ತಿ ಆ ನಡಿಗೆ. ಕೈ ಮೈಗಂಟಿಸಿಕೊಂಡು, ಭುಜ ಮೇಲೆತ್ತಿ, ಬಿಗಿದ ಹಗ್ಗದ ಹಾಗೆ ಬರುತ್ತಾರೆ. ಮಾತಿಲ್ಲದೆ, ಬರೀ ಮೈಯಿಂದಲೇ ಹೆದರಿಸುವ ಈ ವಿದ್ಯೆ ವರ್ಷಗಟ್ಟಲೆ ರಂಗದ ಮೇಲೆ ನಿಂತವರಿಗೆ ಮಾತ್ರ ಬರುತ್ತದೆ ಅಂತ ನನ್ನ ನಂಬಿಕೆ. ಮರುವರ್ಷ ಬಂದ 'ಡಿ ಸ್ಟ್ರಾಸೆ' ಚಿತ್ರದಲ್ಲಿ ಅವರು ಕುರುಡು ಮುದುಕ. ಅದನ್ನೂ ನೋಡಿ.

ಕೊನೆಯವರೆಗೂ ನಾಟಕ ಬಿಡಲಿಲ್ಲ. 1936ರ ಫೆಬ್ರವರಿ 19ರಂದು ಶಿಲ್ಲರ್‌ನ 'ಡಾನ್ ಕಾರ್ಲೋಸ್'ನಲ್ಲಿ ಬೇರೊಬ್ಬ ನಟನ ಬದಲಿಗೆ ಪಾತ್ರ ಮಾಡಿದರು. ಆ ರಾತ್ರಿ ಮೈ ಸರಿಯಿಲ್ಲವೆಂದು ಆಸ್ಪತ್ರೆಗೆ ಸೇರಿಸಿದರು. ಹೃದಯಾಘಾತವಾಗಿ ತೀರಿಕೊಂಡರು. ಆಗ ಅವರಿಗೆ 56 ವರ್ಷ.

ಸಾವು ಬಂದದ್ದು ಬೆಳಗಿನ ಹೊತ್ತು. ಚಿತ್ರದಲ್ಲಿ ಓರ್ಲಾಕ್ ಕೂಡ ಬೆಳಕು ಹರಿದಾಗಲೇ ಸಾಯುವುದು. ಇದನ್ನು ಮಾತ್ರ ನಿಮ್ಮ ಗೆಳೆಯನಿಗೆ ಹೇಳಬೇಡಿ.