ವಿಷಾನಿಲ ದಾಳಿಯಿಂದ ಬದುಕಿ ಬಂದ ಸೈನಿಕರಿಗೆ ವರ್ಷಗಳಾದರೂ ಭಯ ಯಾಕೆ ಹೋಗುವುದಿಲ್ಲ?

‘ಶ್ವಾಸಕೋಶ ವಾಸಿಯಾದ ಮೇಲೆ ಮನಸ್ಸೂ ಸರಿಹೋಗಬೇಕಲ್ವಾ’ ಅಂತ ಕೇಳಿದ್ದೀರಿ. ಸಾಸಿವೆ ಅನಿಲಕ್ಕೆ (ಮಸ್ಟರ್ಡ್ ಗ್ಯಾಸ್ ಅನ್ನುವ ಯುದ್ಧದ ವಿಷಕ್ಕೆ) ಸಿಕ್ಕ ಎಷ್ಟೋ ಜನರಿಗೆ ಶ್ವಾಸಕೋಶವೇ ಪೂರ್ತಿ ವಾಸಿಯಾಗುವುದಿಲ್ಲ. ಕಷ್ಟ ಅಲ್ಲಿಂದಲೇ ಶುರು.

ನಾನು ಸೈನಿಕನಲ್ಲ. ಮಲ್ಪೆಯ ಒಂದು ಐಸ್ ಪ್ಲಾಂಟಿನಲ್ಲಿ ಆರು ವರ್ಷ ಕೆಲಸ ಮಾಡಿದವನು. ಒಂದು ರಾತ್ರಿ ಅಮೋನಿಯಾ ಪೈಪ್ ಒಡೆಯಿತು. ಕಣ್ಣು ಬಿಡಲು ಆಗಲಿಲ್ಲ, ಉಸಿರು ಎಳೆದರೆ ಗಂಟಲು ಸುಡುತ್ತಿತ್ತು. ಬೈರಾಸು ಒದ್ದೆ ಮಾಡಿ ಮೂಗಿಗೆ ಒತ್ತಿಕೊಂಡು, ಗೋಡೆ ತಡವುತ್ತಾ ಹೊರಗೆ ಬಂದೆವು. ಎಲ್ಲರೂ ಉಳಿದೆವು. ಆದರೆ ಮುಂದಿನ ವರ್ಷ ಸಲೂನಿನಲ್ಲಿ ಪಕ್ಕದವರ ತಲೆಗೆ ಡೈ ಹಚ್ಚುತ್ತಿದ್ದಾಗ ಅದೇ ವಾಸನೆ ಮೂಗಿಗೆ ಬಡಿಯಿತು. ಅರ್ಧ ಗಡ್ಡದಲ್ಲೇ ಎದ್ದು ರಸ್ತೆಗೆ ಓಡಿದ್ದೆ. ಕೈ ನಡುಗುತ್ತಿತ್ತು. "ಎಂತ ಆಯ್ತು ಮಾರಾಯ್ರೆ?" ಅಂತ ಕೇಳಿದವರಿಗೆ ಹೇಳಲು ಮಾತು ಹೊರಡಲಿಲ್ಲ.

ನನ್ನದು ಹತ್ತು ನಿಮಿಷದ ಸಂಗತಿ, ಸೈನಿಕರದ್ದು ಹಾಗಲ್ಲ. ಮೊದಲ ಮಹಾಯುದ್ಧದಲ್ಲಿ, 1915ರ ಏಪ್ರಿಲ್ 22ರಂದು ಬೆಲ್ಜಿಯಂನ ಈಪ್ರ್ ಹತ್ತಿರ ಜರ್ಮನರು ಕ್ಲೋರಿನ್ ಅನಿಲ ಬಿಟ್ಟರು. ನಾಲ್ಕು ದಿನದ ನಂತರ ಅಲ್ಲೇ ಬ್ರಿಟಿಷರ ಪರ ಹೋರಾಡುತ್ತಿದ್ದ ನಮ್ಮ ಭಾರತೀಯ ಸೇನೆಯ ಲಾಹೋರ್ ಡಿವಿಜನ್ನಿನ ಸೈನಿಕರೂ ಅದಕ್ಕೆ ಸಿಕ್ಕರು. ಸರಿಯಾದ ಮಾಸ್ಕ್ ಇರಲಿಲ್ಲ. ಅವರಿಗೂ ಒದ್ದೆ ಬಟ್ಟೆಯೇ ಗತಿ.

1917ರಲ್ಲಿ ಸಾಸಿವೆ ಅನಿಲ ಬಂತು. ಇದು ತಾಗಿದ ಕೂಡಲೇ ಸಾಮಾನ್ಯವಾಗಿ ಗೊತ್ತೇ ಆಗುವುದಿಲ್ಲ. ಕೆಲವು ಗಂಟೆ ಕಳೆದ ಮೇಲೆ ಕಣ್ಣು ಊದುತ್ತದೆ, ಮೈಮೇಲೆ ಬೊಬ್ಬೆ ಏಳುತ್ತದೆ. ಮನಸ್ಸನ್ನು ಮುರಿಯುವುದು ಇದೇ ಅಂತ ನನಗೆ ಅನಿಸುತ್ತದೆ. ಗುಂಡಿನ ಸದ್ದು ನಿಂತರೆ ‘ಉಳಿದೆ’ ಅಂದುಕೊಳ್ಳಬಹುದು. ಇಲ್ಲಿ ಹಾಗೆ ಅಂದುಕೊಳ್ಳುವ ಗಳಿಗೆಯೇ ಸಿಗುವುದಿಲ್ಲ. ಆಗ ಅನಿಲ ತಾಗಿದೆ ಅಂತ ಹೆದರಿ ಆಸ್ಪತ್ರೆ ಸೇರಿದ ಕೆಲವರಿಗೆ ಏನೂ ತಾಗಿರಲೇ ಇಲ್ಲ. ದಯವಿಟ್ಟು ಅದನ್ನು ನಾಟಕ ಅನ್ನಬೇಡಿ. ಆ ಭಯ ನಿಜ.

1980ರಿಂದ 88ರವರೆಗಿನ ಯುದ್ಧದಲ್ಲಿ ಇರಾಕ್ ಈ ಸಾಸಿವೆ ಅನಿಲವನ್ನೇ ಇರಾನಿನ ಮೇಲೆ ಹಾಕಿತು. ಅಲ್ಲಿನ ಎಷ್ಟೋ ಮಾಜಿ ಸೈನಿಕರು ದಶಕಗಳ ನಂತರವೂ ಕೆಮ್ಮುತ್ತಿದ್ದಾರೆ. ಆತಂಕ, ಖಿನ್ನತೆ, ನಿದ್ದೆ ಬಾರದಿರುವುದು ಅವರಲ್ಲಿ ಜಾಸ್ತಿ. ರಾತ್ರಿ ದಮ್ಮು ಕಟ್ಟಿ ಎಚ್ಚರವಾದವರಿಗೆ ‘ಮರೆತುಬಿಡಿ’ ಅಂದರೆ ಹೇಗೆ ಮರೆಯುವುದು? ಎದೆಯೇ ನೆನಪಿಸುತ್ತಿರುತ್ತದೆ.

ನನಗೆ ಉಡುಪಿಯ ಮನೋವೈದ್ಯರೊಬ್ಬರು ಆ ವಾಸನೆಯನ್ನೇ ಸ್ವಲ್ಪ ಸ್ವಲ್ಪವಾಗಿ ಅಭ್ಯಾಸ ಮಾಡಿಸಿದರು. ಕಿಟಕಿ ತೆರೆದಿಟ್ಟು, ಡೈ ಡಬ್ಬಿಯ ಮುಚ್ಚಳ ತೆಗೆದು, ನಿಧಾನ ಉಸಿರು ಬಿಡುತ್ತಾ ಕೂರುತ್ತಿದ್ದೆ. ನನ್ನ ಎದೆ ಗಟ್ಟಿಯಿತ್ತು, ಹಾಗಾಗಿ ಅದು ನಡೆಯಿತು. ಉಸಿರೇ ಕೈಕೊಡುವ ಆ ಸೈನಿಕರಿಗೆ ಎದೆಯ ಡಾಕ್ಟರೂ ಮನಸ್ಸಿನ ಡಾಕ್ಟರೂ ಒಟ್ಟಿಗೇ ಬೇಕು.